ದೊಡ್ಡಪ್ಪನ ಮಗ, ತಾಯಿಯ ತಮ್ಮ

ನನ್ನ ಹೆಂಡತಿ ಸುನಂದಾ ನನ್ನನ್ನು ಮಾಮಾ ಎಂದೇ ಕರೆಯುತ್ತಾಳೆ. ನಾನು ಅವಳ ತಾಯಿಯ ಒಡಹುಟ್ಟಿದ ತಮ್ಮ. ಹೊರ್ತಿ ಊರಿನ ಮನೆಯಲ್ಲಿ ಅವಳು ಅಂಬೆಗಾಲಿಡುತ್ತಿದ್ದಾಗ ಹೆಗಲ ಮೇಲೆ ಹೊತ್ತು ತಿರುಗಿದವನು ನಾನೇ, ಮುಂದೆ ಅವಳ ಕೊರಳಿಗೆ ತಾಳಿ ಕಟ್ಟಿದವನೂ ನಾನೇ. ನನ್ನ ಅಕ್ಕ ಕಸ್ತೂರೆವ್ವನೇ ನನಗೆ ಅತ್ತೆ. ನಮ್ಮ ಕಡೆ ಇದರಲ್ಲಿ ವಿಶೇಷವೇನೂ ಇಲ್ಲ. ಅಕ್ಕನ ಮಗಳು ಮನೆಯಲ್ಲಿರುವಾಗ ಹೆಣ್ಣು ಹುಡುಕುತ್ತ ಊರೂರು ತಿರುಗುವವನನ್ನು ನಮ್ಮ ಹಿರಿಯರು ಹುಚ್ಚ ಎನ್ನುತ್ತಿದ್ದರು.

ಇದನ್ನು ಮೊದಲೇ ಯಾಕೆ ಹೇಳಿದೆನೆಂದರೆ, ಆ ಶುಕ್ರವಾರ ಸಂಜೆ ಸುನಂದಾ ಬಾಗಿಲು ಹಾಕಿಕೊಂಡು ಬಂದು ನನ್ನ ಮುಂದೆ ನಿಂತು ಆಡಿದ ಮಾತು ಹೀಗಿತ್ತು:

"ಮಾಮಾ, ಅಣ್ಣಾ-ತಂಗಿ ಲಗ್ನಾ ಮಾಡ್ಕೊಳ್ಳೂದು ಎಲ್ಲ್ಯಾರ ಐತೇನ್ರಿ?"

ಇಂಡಿಯಲ್ಲಿ ನಮ್ಮ ಮನೆಗೂ ಮಶಾಕಸಾಬರ ಮನೆಗೂ ನಡುವೆ ಒಂದೇ ಗೋಡೆ. ನನ್ನದು ಗೊಬ್ಬರದ ಅಂಗಡಿ, ಅವರದು ಲಿಂಬೆಹಣ್ಣಿನ ವ್ಯಾಪಾರ. ಅವರ ಹೆಂಡತಿ ಜೈತುನಬಿ ಸ್ವಲ್ಪ ಮುಂಚೆ ತಟ್ಟೆಯಲ್ಲಿ ಸಕ್ಕರೆ, ಕೊಬ್ಬರಿ ಇಟ್ಟುಕೊಂಡು ಬಂದಿದ್ದಳು. ಅವರ ಮಗಳು ಅಲ್ಮಾಸಳ ಮದುವೆ ಗೊತ್ತಾಗಿತ್ತು. ಹುಡುಗ ತಬ್ರೇಜ, ಆಲಮೇಲದವನು, ಸಕ್ಕರೆ ಕಾರ್ಖಾನೆಯಲ್ಲಿ ಕೆಲಸ. ಮಶಾಕಸಾಬರ ಸ್ವಂತ ಅಣ್ಣ ಖಲೀಲರ ಮಗ. ಎಂದರೆ ಅಲ್ಮಾಸಳಿಗೆ ದೊಡ್ಡಪ್ಪನ ಮಗ. ಸುನಂದಾ ತಟ್ಟೆ ಇಸಿದುಕೊಂಡಳಂತೆ, ನಕ್ಕಳಂತೆ, ಸಕ್ಕರೆಯನ್ನು ಮಾತ್ರ ಬಾಯಿಗೆ ಹಾಕಿಕೊಳ್ಳಲಿಲ್ಲ.

"ಅವರಲ್ಲಿ ನಡೀತೈತಿ. ನಿನಗ ಇವತ್ತ ಗೊತ್ತಾತೇನ?" ಎಂದೆ.

"ನಡೀತೈತಿ ಅಂತ ಗೊತ್ತೈತ್ರಿ. ಆದ್ರ ಇಕಿ ಅಲ್ಮಾಸ!"

ನೋಡಿ, ಅಲ್ಲಿದೆ ವಿಷಯ. ಅವರಲ್ಲಿ ಬೇರೆ ಯಾರಾದರೂ ಮಾಡಿಕೊಂಡರೆ ಅದು ಅವರ ಪದ್ಧತಿ, ಅಲ್ಮಾಸ ಮಾಡಿಕೊಂಡರೆ ಅನ್ಯಾಯ. ಇಂಥ ಎಷ್ಟು ಮದುವೆಗಳಿಗೆ ಇವಳು ಇಸ್ತ್ರಿ ಸೀರೆ ಉಟ್ಟು ಹೋಗಿ ಉಂಡು ಬಂದಿಲ್ಲ? ಆದರೆ ಅಲ್ಮಾಸ ನಮ್ಮ ಅಡುಗೆಮನೆಯಲ್ಲಿ ಬೆಳೆದ ಹುಡುಗಿ. ನಮ್ಮ ಮಗಳು ಭಾಗ್ಯಜ್ಯೋತಿಗಿಂತ ಒಂದು ವರ್ಷ ದೊಡ್ಡವಳು. ಸುನಂದಾ ಕಲಿಸುವ ಸಾಲೆಯಲ್ಲೇ ಓದಿದಳು, ಬಿ.ಎಡ್. ಮುಗಿಸಿದಳು. ಭಾಗ್ಯಜ್ಯೋತಿ ಓದಿಗಾಗಿ ಬಸವನ ಬಾಗೇವಾಡಿಯ ಹಾಸ್ಟೆಲಿಗೆ ಹೋದ ಮೇಲೆ ಸುನಂದಾಗೆ ದಿನಾ ಸಂಜೆ ಚಹಾಕ್ಕೆ ಜೊತೆ ಅಲ್ಮಾಸಳೇ.

"ಒಂದ ಮನಿ ರಕ್ತ, ಒಂದ ಅಡ್ಡಹೆಸರು. ಸಣ್ಣಾಕಿದ್ದಾಗ ತಬ್ರೇಜ ಭಾಯಿ, ತಬ್ರೇಜ ಭಾಯಿ ಅಂತ ಬೆನ್ನ ಹತ್ತಿ ತಿರಗ್ತಿದ್ಲು. ಅಂಥಾವನ ಕೂಡ..." ಸುನಂದಾ ಮಾತು ಮುಗಿಸದೆ ಮುಖ ಕಿವುಚಿದಳು. "ನೆನಸ್ಕೊಂಡ್ರ ಹೊಟ್ಟಿ ತೊಳಸ್ತೈತ್ರಿ ಮಾಮಾ."

ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ, ನನ್ನ ಸ್ಥಿತಿ ಹಾಗಾಗಿತ್ತು. ರಕ್ತದ ಮಾತು ತೆಗೆದರೆ ಈ ಮನೆಯಲ್ಲಿ ಯಾರ ರಕ್ತ ಯಾರದು? ಅದನ್ನು ಬಾಯಿಬಿಟ್ಟು ಕೇಳುವ ಧೈರ್ಯ ನನಗಾಗಲಿಲ್ಲ. ಕೇಳಿದರೆ ಅವಳು ಒಂದು ಉತ್ತರ ಕೊಡಬೇಕಾಗುತ್ತದೆ. ಆ ಉತ್ತರ ಏನಿರಬಹುದೆಂದು ಇಪ್ಪತ್ತೈದು ವರ್ಷದಲ್ಲಿ ನಾನು ಒಮ್ಮೆಯೂ ಯೋಚಿಸಿರಲಿಲ್ಲ. ಆ ಸಂಜೆ ಮೊದಲ ಸಲ ಯೋಚನೆ ಬಂತು, ಬಂದದ್ದು ಹೋಗಲಿಲ್ಲ.

ಎರಡು ದಿನ ಕಳೆದಿರಬೇಕು. ಸುನಂದಾ ಮಾಳಿಗೆಯ ಮೇಲೆ ಬಟ್ಟೆ ಹಾಕಲು ಹೋದವಳು ಹಸಿ ಬಟ್ಟೆಯ ಬುಟ್ಟಿಯನ್ನು ಹಾಗೇ ಹಿಡಿದುಕೊಂಡು ಕೆಳಗೆ ಬಂದಳು.

"ಅಳಾಕತ್ತಾಳ್ರಿ. ನೀರಿನ ಟಾಕಿ ಹಿಂದ ಕುಂತು, ಸೆರಗ ಬಾಯಾಗ ಇಟ್ಕೊಂಡು ಅಳಾಕತ್ತಾಳ. ನಾ ಹೇಳಿದ್ನಿಲ್ಲ? ಹುಡುಗೀಗಿ ಮನಸ್ಸಿಲ್ಲ."

"ಲಗ್ನಾ ಗೊತ್ತಾದ ಹುಡುಗ್ಯಾರು ಅಳ್ತಾರ. ನೀನೂ ಅತ್ತಿದ್ದಿ."

"ನಾ ಯಾಕ ಅತ್ತಿದ್ದೆ ನಿಮಗೇನ್ ಗೊತ್ತ?" ಎಂದು ಬುಟ್ಟಿಯನ್ನು ನೆಲಕ್ಕೆ ಕುಕ್ಕಿದಳು.

ಹೌದು, ಯಾಕೆ ಅತ್ತಿದ್ದಳು? ಎಲ್ಲ ಹುಡುಗಿಯರೂ ಅಳುತ್ತಾರೆ ಎಂದು ನಾನು ಆ ದಿನ ಫೋಟೋಗ್ರಾಫರನ ಕಡೆ ನೋಡುತ್ತ ನಿಂತಿದ್ದೆ.

ಆ ವಾರ ಮನೆಯಲ್ಲಿ ಬೇರೆ ಮಾತೇ ಇರಲಿಲ್ಲ. ರೊಟ್ಟಿ ಬಡಿಯುವಾಗ ಅಲ್ಮಾಸ, ಪಲ್ಲೆ ಹೆಚ್ಚುವಾಗ ಅಲ್ಮಾಸ. ಜೈತುನಬಿ ಗೋಡೆಯಾಚೆಯಿಂದ ಕೂಗಿದರೆ ಸುನಂದಾ ತಲೆನೋವು ಎನ್ನುತ್ತಿದ್ದಳು. ಸಂಜೆಯ ಚಹಾಕ್ಕೆ ಅಲ್ಮಾಸ ಬರಲಿಲ್ಲ, ಇವಳು ಕರೆಯಲೂ ಇಲ್ಲ. ಮಶಾಕಸಾಬರು ಅಂಗಡಿಯ ಮುಂದೆ ಹಾದುಹೋಗುವಾಗ "ಏನ್ ಶ್ರೀಶೈಲಣ್ಣಾ, ಮನ್ಯಾಗ ಎಲ್ಲಾ ಆರಾಮ?" ಎಂದು ಕೇಳಿದರು. ಕೇಳುವ ರೀತಿಯಲ್ಲೇ ಅವರಿಗೆ ಏನೋ ಗೊತ್ತಾಗಿದೆ ಎನ್ನಿಸಿತು. ಮೂವತ್ತು ವರ್ಷದ ನೆರೆಹೊರೆ. ನನ್ನ ಅಪ್ಪ ಸತ್ತಾಗ ಮಣ್ಣಿಗೆ ಮೊದಲು ಬಂದು ನಿಂತವರು ಅವರು. ಊರ ಉಸಾಬರಿ ಮಾಡಲು ಹೋಗಿ ನನ್ನ ಹೆಂಡತಿ ಇದನ್ನೆಲ್ಲ ಮುರಿಯುತ್ತಾಳಲ್ಲ ಎಂದು ನನಗೆ ಸಿಟ್ಟೂ ಬಂತು, ಭಯವೂ ಆಯಿತು.

ನಿಜವಾದ ಭಯ ಏನೆಂದು ಗೊತ್ತಾಗಿದ್ದು ಮುಂದಿನ ಗುರುವಾರ.

ಅಂಗಡಿಯಲ್ಲಿ ಚೀಲಗಳ ಹಿಂದೆ ಕುಳಿತಿದ್ದೆ. ಒಬ್ಬ ಬಂದ. ಅವನ ಹೆಸರು ಬೇಡ. ಊರಲ್ಲಿ ಯಾರ ಮನೆಯಲ್ಲಿ ಏನಾದರೂ ಹಗರಣವಾದರೆ ಮೊಬೈಲ್ ಎತ್ತಿ ಹಿಡಿದುಕೊಂಡು ಮೊದಲು ಬರುವವನು ಅವನೇ, ಹಿಂದೆ ನಾಲ್ಕೈದು ಹುಡುಗರು.

"ಕಾಕಾ, ನಿಮ್ಮ ಬಾಜೂ ಮನ್ಯಾಗ ಹುಡುಗೀಗಿ ಜುಲ್ಮಿ ಮಾಡಿ ಅಣ್ಣನ ಕೂಡ ಲಗ್ನಾ ಮಾಡಾಕತ್ತಾರಂತ?"

"ಯಾರ ಹೇಳಿದ್ರು ನಿನಗ?"

"ಕಾಕುನೇ ಸಾಲ್ಯಾಗ ಹೇಳ್ಯಾರಂತ. ನೀವೇನ್ ಅಂಜಬ್ಯಾಡ್ರಿ. ಹುಡುಗಿ ಬಾಯಿಂದ ಒಂದ ಮಾತು ಬರ್ಲಿ, ಒಂದ ವಿಡಿಯೋ ಸಾಕು. ಉಳಿದದ್ದು ನಾವು ನೋಡ್ಕೋತೇವಿ."

"ಹಂಗೇನಿಲ್ಲೋ. ಹುಡುಗಿ ಖುಷಿಯಿಂದ ಒಪ್ಯಾಳ."

"ನಿಮಗ ಹೇಳ್ಯಾಳೇನ್ರಿ?"

ನಾನು ಹೌದು ಎಂದೆ. ನನಗೇನು ಗೊತ್ತಿತ್ತು? ಒಪ್ಪಿದ್ದಾಳೋ, ಟಾಕಿಯ ಹಿಂದೆ ಕುಳಿತು ಅಳುತ್ತಿದ್ದಾಳೋ! ಅವನು ನನ್ನ ಮುಖವನ್ನೇ ಒಂದು ಗಳಿಗೆ ನೋಡಿ, "ನೀವ್ಯಾಕ್ರಿ ಅವರ ಪರ ಮಾತಾಡ್ತೀರಿ?" ಎಂದು ನಗುತ್ತಲೇ ಹೋದ. ಆ ನಗು ನನಗೆ ಸರಿಬರಲಿಲ್ಲ. ಅಲ್ಮಾಸಳ ಮುಖ ಊರಿನವರ ಮೊಬೈಲುಗಳಲ್ಲೆಲ್ಲ ತಿರುಗುವುದು, ಲಿಂಬೆಹಣ್ಣಿನ ಅಂಗಡಿಗೆ ಕಲ್ಲು ಬೀಳುವುದು, ಮಶಾಕಸಾಬರು ನನ್ನ ಮನೆಯ ಬಾಗಿಲಲ್ಲಿ ನಿಂತು "ಯಾಕಣ್ಣಾ?" ಎಂದು ಕೇಳುವುದು, ಎಲ್ಲವೂ ಕಣ್ಣ ಮುಂದೆ ಬಂತು. ಗಿರಾಕಿಗಳಿದ್ದಂತೆಯೇ ಅಂಗಡಿಯ ಬಾಗಿಲು ಎಳೆದು ಸಾಲೆಯ ಕಡೆ ಗಾಡಿ ಓಡಿಸಿದೆ.

ಮನೆಗೆ ಕರೆದುಕೊಂಡು ಬಂದು ಬೈದೆ. ಮದುವೆಯಾದಾಗಿನಿಂದ ಹಾಗೆ ಬೈದಿರಲಿಲ್ಲ. "ಮಾತಾಡಿದ್ರ ಹೋತು, ಮುತ್ತು ಒಡದ್ರ ಹೋತು ಅಂತ ಮಕ್ಕಳಿಗೆ ಬೋರ್ಡಿನ ಮ್ಯಾಲ ಬರಸ್ತೀಯಲ್ಲ, ನಿನ್ನ ಬಾಯಿಗಿ ಬೀಗ ಇಲ್ಲೇನ?"

ಸುನಂದಾಳ ಮುಖ ಬಿಳಿಚಿತು. "ಒಬ್ಬಾಕಿ ಮುಂದ ಅಂದಿದ್ದೇರಿ. ಹೊಟ್ಯಾಗಿಂದು ತಡಕೊಳ್ಳಾಕ ಆಗ್ಲಿಲ್ಲ."

"ಈಗ ಏನ್ ಮಾಡ್ತಿ?"

ಅವಳು ಗೋಡೆಯ ಬಳಿ ಹೋಗಿ, "ಅಲ್ಮಾಸ, ಬಾ ಇಲ್ಲೆ" ಎಂದು ಕೂಗಿದಳು. ನನ್ನ ಕಡೆ ತಿರುಗಿ, "ಅಕೀನ್ನ ಕೇಳ್ತೇನಿ. ಒಲ್ಲೆ ಅಂದ್ರ ನಾನ ಅವರಪ್ಪನ ಮುಂದ ಮಾತಾಡ್ತೇನಿ, ಆ ಮೊಬೈಲ್ ಹುಡುಗ್ರಲ್ಲ. ನೀವು ಒಳಗ ನಡೀರಿ" ಎಂದಳು.

ನಾನು ಒಳಕೋಣೆಗೆ ಹೋಗಿ ಪಲ್ಲಂಗದ ಮೇಲೆ ಕುಳಿತೆ. ಬಾಗಿಲು ಪೂರ್ತಿ ಹಾಕಿರಲಿಲ್ಲ. ಕೇಳಬಾರದೆಂದು ಗೊತ್ತಿದ್ದೂ ಕಿವಿ ಅಲ್ಲೇ ಇತ್ತು.

ಅಲ್ಮಾಸ ಬಂದ ಸಪ್ಪಳ ಕೇಳಿಸಿತು. ಸುನಂದಾ ನೇರವಾಗಿ ಕೇಳಿದಳು: "ಖರೇ ಹೇಳವ್ವಾ. ನಿನಗ ಒತ್ತಾಯ ಮಾಡ್ಯಾರೇನ? ಮಾಳಗಿ ಮ್ಯಾಲ ಅಳೂದು ನೋಡೇನಿ."

ಅಲ್ಮಾಸಳ ದನಿ ಏರಿತು.

"ಕಾಕು, ನಾ ಯಾಕ ಅತ್ತೆ ಹೇಳ್ಲಿ? ಅವ್ವ ಸಕ್ಕರಿ ತಂದ್ರ ನೀವು ಬಾಯಾಗ ಹಾಕ್ಕೊಳ್ಳಲಿಲ್ಲಂತ. ಮರುದಿನಾ ನಾ ಬಾಗ್ಲಾಗ ನಿಂತು ಮಾತಾಡ್ಸಿದ್ರ ನೀವು ಮಾರಿ ತಿರುವಿ ಸಾಲಿಗಿ ಹೋದ್ರಿ. ನಾ ಏನ್ ಹೊಲಸು ಕೆಲಸಾ ಮಾಡೇನಿ ಅಂತ ಅಳು ಬಂತ್ರಿ. ನಿಮ್ಮ ಸಲುವಾಗೇ ಅತ್ತಿದ್ದೆ."

ಒಳಗೆ ಕುಳಿತ ನನಗೆ ನಾಚಿಕೆಯಾಯಿತು. ನಾಲ್ಕೈದು ದಿನದಿಂದ ನಾವು ಯಾವ ಅಳುವನ್ನು ಸಾಕ್ಷಿ ಮಾಡಿಕೊಂಡು ಕುಣಿಯುತ್ತಿದ್ದೆವೋ ಆ ಅಳು ನಮ್ಮದೇ ಮನೆಯಿಂದ ಹೋಗಿತ್ತು.

ಸುನಂದಾ ಸುಲಭಕ್ಕೆ ಸೋಲುವವಳಲ್ಲ. "ನಿನ್ನ ಮ್ಯಾಲ ಸಿಟ್ಟಿಲ್ಲವ್ವಾ. ಆದ್ರ ಅಂವಾ ನಿನಗ ಅಣ್ಣಾ ಆಗಬೇಕಲ್ಲ?"

"ನಿಮ್ಮಲ್ಲಿ ಅಣ್ಣಾ ಆಗ್ತಾನ. ನಮ್ಮಲ್ಲಿ ಲಗ್ನಕ್ಕ ಬರ್ತಾನ. ನಮ್ಮಲ್ಲಿ ಮಾಮಾ ಬರೂದಿಲ್ಲ." ಇಷ್ಟು ಹೇಳಿ ಅಲ್ಮಾಸ ತಡೆದಳು, ಆಮೇಲೆ ತಡೆಯಲಿಲ್ಲ. "ಸಣ್ಣಾಕಿದ್ದಾಗ ಭಾಗ್ಯಾ ಹೇಳಿದ್ಲು, ಕಾಕಾ ನಿಮಗ ಖಾಸಾ ಮಾಮಾ ಅಂತ. ಆ ದಿನಾ ನಾ ಉಣ್ಣಲಿಲ್ರಿ. ನನ್ನೂ ಆಸಿಫ ಮಾಮಾಗ ಕೊಟ್ಟಬಿಡ್ತೀರೇನು ಅಂತ ಅವ್ವಗ ಕೇಳಿ ಅತ್ತೆ. ಅವ್ವ ನನ್ನ ಬಾಯಿ ಮ್ಯಾಲ ಹೊಡದ್ಲು. ಅವರ ರೀತಿ ಅವರಿಗಿ, ಅವರ ಮುಂದ ಇದನ್ನ ಎಂದೂ ಎತ್ತಬ್ಯಾಡ ಅಂದ್ಲು. ಇಷ್ಟ ವರ್ಷ ಎತ್ತಿಲ್ಲ. ಇವತ್ತ ನೀವ ಎತ್ತಿಸಿದ್ರಿ."

ನನಗೆ ಎದ್ದು ಹಿತ್ತಲ ಬಾಗಿಲಿನಿಂದ ಹೊರಗೆ ಹೋಗಿಬಿಡಬೇಕು ಎನ್ನಿಸಿತು. ಈ ಹುಡುಗಿ ದಿನಾ "ಕಾಕಾ, ಚಹಾ ಕುಡೀರಿ" ಎಂದು ನಗುತ್ತ ಕಪ್ಪು ಕೈಗೆ ಕೊಡುತ್ತಿದ್ದಳು. ಆಗೆಲ್ಲ ಅವಳ ಮನಸ್ಸಿನ ಮೂಲೆಯಲ್ಲಿ ನಾನು ಅಂಥವನಾಗಿದ್ದೆನೇ? ನಮ್ಮ ಎಲೆಯಲ್ಲಿ ಕತ್ತೆ ಸತ್ತು ಬಿದ್ದಿರುವುದನ್ನು ಕಂಡೂ ಆ ಮನೆಯವರು ಇಷ್ಟು ವರ್ಷ ಸುಮ್ಮನೆ ಪಕ್ಕದಲ್ಲಿ ಕುಳಿತು ಉಂಡಿದ್ದರು. ನಾವು ಅವರ ಎಲೆಯ ನೊಣ ಕಂಡ ಮೊದಲ ದಿನವೇ ಊರಿಗೆ ಡಂಗುರ ಹೊಡೆದಿದ್ದೆವು. ಅದು ಕತ್ತೆಯೂ ಅಲ್ಲ, ಇದು ನೊಣವೂ ಅಲ್ಲ ಎಂದು ವಾದ ಮಾಡಬಹುದು, ಆದರೆ ಆಗ ನನಗೆ ವಾದ ಹೊಳೆಯಲಿಲ್ಲ.

ಅಲ್ಮಾಸಳ ದನಿ ಈಗ ಮೆತ್ತಗಾಗಿತ್ತು. "ಒತ್ತಾಯ ಇಲ್ರಿ ಕಾಕು. ಅಬ್ಬಾ ನನ್ನ ಕುಂಡ್ರಿಸಿಕೊಂಡು ಕೇಳ್ಯಾರ. ನಾ ತಬ್ರೇಜನ ಕೂಡ ಫೋನ್ಯಾಗ ಮಾತಾಡೇನಿ. ನೌಕರಿ ಮಾಡ್ತೇನಿ ಅಂದೆ, ಮಾಡು ಅಂದ. ನಿಕಾದಾಗ ಮತ್ತ ಕೇಳ್ತಾರ, ಮೂರು ಸಲ. ಅವಾಗೂ ಒಲ್ಲೆ ಅಂದ್ರ ಅಲ್ಲಿಗೇ ಮುಗೀತು." ಆಮೇಲೆ, ಚುಚ್ಚಬೇಕೆಂದಲ್ಲ, ನಿಜವಾಗಿಯೂ ತಿಳಿದುಕೊಳ್ಳಬೇಕೆಂಬಂತೆ ಕೇಳಿದಳು: "ನಿಮಗ ಯಾರ ಕೇಳಿದ್ರಿ ಕಾಕು?"

ಸುನಂದಾ ಏನಾದರೂ ಹೇಳಲಿ, ಸುಳ್ಳಾದರೂ ಹೇಳಲಿ ಎಂದು ಬೇಡಿಕೊಂಡೆ.

"ಹಾಲು ಉಕ್ಕಾಕತ್ತೈತಿ" ಎಂದು ಸುನಂದಾ ಅಡುಗೆಮನೆಗೆ ನಡೆದಳು. ಒಲೆಯ ಮೇಲೆ ಹಾಲಿರಲಿಲ್ಲ.

ಮರುದಿನ ಬೆಳಿಗ್ಗೆ ಸುನಂದಾ ತಾನೇ ಪಕ್ಕದ ಮನೆಗೆ ಹೋದಳು. "ಜೈತುನಕ್ಕಾ, ನನ್ನ ಪಾಲಿನ ಸಕ್ಕರಿ ಎಲ್ಲೈತಿ?" ಎಂದಳಂತೆ. ಜೈತುನಬಿ ಡಬ್ಬಿಯಿಂದ ಒಂದು ಮುಷ್ಟಿ ತೆಗೆದು ಇವಳ ಬಾಯಿಗೆ ತುರುಕಿದಳಂತೆ. ಇಬ್ಬರೂ ಅತ್ತು, ಅತ್ತದ್ದು ಯಾಕೆಂದು ಒಬ್ಬರಿಗೊಬ್ಬರು ಹೇಳದೆ, ಮದುವೆಯ ಸೀರೆಯ ಮಾತಿಗೆ ಕುಳಿತರು. ಹೆಂಗಸರು ಇದನ್ನು ಹೇಗೆ ಮಾಡುತ್ತಾರೋ ನನಗೆ ತಿಳಿಯದು. ಮಶಾಕಸಾಬರೂ ನಾನೂ ಮುಖ ಕೊಟ್ಟು ಮಾತಾಡಲು ಇನ್ನೂ ಕೆಲವು ದಿನ ಬೇಕಾದವು.

ನನ್ನ ಕಳವಳ ಮಾತ್ರ ಇಳಿಯಲಿಲ್ಲ. ಆ ಮೊಬೈಲಿನವನು ಮತ್ತೆ ಎರಡು ಸಲ ಅಂಗಡಿಯ ಮುಂದೆ ಗಾಡಿ ನಿಲ್ಲಿಸಿ, "ಲಗ್ನಾ ಯಾವ ಹಾಲ್‌ನ್ಯಾಗ ಕಾಕಾ?" ಎಂದು ಕೇಳಿಕೊಂಡು ಹೋದ. ಮನೆಯಲ್ಲಿ ಸುನಂದಾ ಎಂದಿನಂತೆ ಇದ್ದಳು, ಆದರೆ ಕೈಯಲ್ಲಿ ಸೌಟು ಹಿಡಿದು ಸುಮ್ಮನೆ ನಿಂತುಬಿಡುತ್ತಿದ್ದಳು. ಏನು ಎಂದರೆ ಏನಿಲ್ಲ ಎನ್ನುತ್ತಿದ್ದಳು. ಒಂದು ಕಣ್ಣು ಬೀದಿಯ ಮೇಲೆ, ಒಂದು ಕಣ್ಣು ಅಡುಗೆಮನೆಯ ಮೇಲೆ ಇಟ್ಟುಕೊಂಡು ನಾನು ಆ ತಿಂಗಳು ಕಳೆದೆ.

ಮದುವೆಯ ದಿನ ನಾನು ಹಾಲ್‌ನ ಬಾಗಿಲಲ್ಲೇ ನಿಂತೆ. ಬಂದವರಿಗೆ ಅತ್ತರು ಹಚ್ಚುವ ಕೆಲಸ ನನಗೆ ಕೊಡಿ ಎಂದು ಕೇಳಿ ಪಡೆದಿದ್ದೆ. ಪ್ರತಿ ಮೋಟರ್ ಸೈಕಲ್ ಸದ್ದಿಗೂ ಕುತ್ತಿಗೆ ಹೊರಳುತ್ತಿತ್ತು. ಆಲಮೇಲದಿಂದ ಬೀಗರ ಬಸ್ಸು ಬಂತು. ತಬ್ರೇಜ ಇಳಿದು ನನ್ನ ಕೈ ಹಿಡಿದು, "ಕಾಕಾ, ಉಣ್ಣದ ಹೋಗಬ್ಯಾಡ್ರಿ ಮತ್ತ" ಎಂದ. ಒಳ್ಳೆಯ ಹುಡುಗ. ಅವನ ಮುಖ ನೋಡಿ ಅಣ್ಣ, ತಂಗಿ ಎಂದು ನನ್ನ ತಲೆಯೂ ಒಂದು ಸಲ ಅಂದುಕೊಂಡಿತು. ಅಭ್ಯಾಸ ಬಲವಾದದ್ದು, ನಾನೇನು ಸಂತನಲ್ಲ.

ನಿಕಾಹದ ಹೊತ್ತಿಗೆ ಅಲ್ಮಾಸಳ ಸೋದರಮಾವ ಆಸಿಫ ಹುಡುಗಿಯ ಕೋಣೆಗೆ ಹೊರಟ. ಮುದ್ದೇಬಿಹಾಳದವನು, ನನಗಿಂತ ಕಿರಿಯ. ಹುಡುಗಿಯ ಒಪ್ಪಿಗೆ ಕೇಳಿಕೊಂಡು ಬರುವ ವಕೀಲ ಅವನೇ ಎಂದು ಮಶಾಕಸಾಬರು ಹೇಳಿದರು. ಅವನ ಜೊತೆ ಇಬ್ಬರು ಸಾಕ್ಷಿಗಳು. ಮಶಾಕಸಾಬರು ನನ್ನ ರಟ್ಟೆ ಹಿಡಿದು, "ನೀವೂ ಬರ್ರಿ ಅಣ್ಣಾ, ನಿಮ್ಮ ಕಿವೀಲೆ ಕೇಳ್ರಿ" ಎಂದರು. ಅವರಿಗೆ ಎಲ್ಲವೂ ಗೊತ್ತಿತ್ತು. ನಾನು ತಲೆ ತಗ್ಗಿಸಿ ಹಿಂದೆ ಹೋದೆ.

ಕೋಣೆಯ ಬಾಗಿಲ ಬಳಿ ನಿಂತೆ. ಒಳಗೆ ಕೆಂಪು ದುಪಟ್ಟಾದೊಳಗೆ ಅಲ್ಮಾಸ, ಅವಳ ಪಕ್ಕ ಭುಜಕ್ಕೆ ಭುಜ ತಾಗಿಸಿ ಸುನಂದಾ. ಆಸಿಫ ಮಂಡಿಯೂರಿ ಕುಳಿತು ತಬ್ರೇಜನ ಹೆಸರು, ಅವನ ತಂದೆಯ ಹೆಸರು, ಗಂಡು ಹೆಣ್ಣಿಗೆ ಕೊಡುವ ಮೆಹರಿನ ಮೊತ್ತ ಹೇಳಿ, ಒಪ್ಪಿಗೆ ಇದೆಯೇ ಎಂದು ಕೇಳಿದ. ಅಲ್ಮಾಸ ಮಾತಾಡಲಿಲ್ಲ. ಎರಡನೆಯ ಸಲ ಕೇಳಿದ. ಆಗಲೂ ಮಾತಿಲ್ಲ. ನಾಚಿಕೆಯೋ ಏನೋ, ಆದರೆ ನಾವು ಹಾಕಿದ ಹುಳಿ ಅವಳ ಮನಸ್ಸಿನಲ್ಲಿ ಉಳಿದು ಈಗ ಒಲ್ಲೆ ಎಂದುಬಿಟ್ಟರೆ? ಹಾಲ್‌ನಲ್ಲಿ ಇಷ್ಟು ಜನ, ಹೊರಗೆ ಆ ಮೊಬೈಲು. ಆಸಿಫ ಅವಸರ ಮಾಡಲಿಲ್ಲ. ದನಿ ತಗ್ಗಿಸಿ ಕನ್ನಡದಲ್ಲಿ, "ಬೇಟಾ, ನಿನ್ನ ಮನಸ್ಸಿನಾಗ ಇದ್ದದ್ದು ಹೇಳು, ನಾ ಇಲ್ಲೇ ಅದೀನಿ" ಎಂದು ಮೂರನೆಯ ಸಲ ಕೇಳಿದ.

"ಮಂಜೂರ ಐತ್ರಿ ಮಾಮಾ" ಎಂದಳು ಅಲ್ಮಾಸ.

ಹೆಂಗಸರೆಲ್ಲ ಕಣ್ಣೊರೆಸಿಕೊಂಡರು. ಸುನಂದಾ ಮಾತ್ರ ಅಳಲಿಲ್ಲ. ಅವಳು ಆಸಿಫನನ್ನೇ ನೋಡುತ್ತಿದ್ದಳು. ಆಮೇಲೆ ತಲೆಯೆತ್ತಿ ಬಾಗಿಲಲ್ಲಿ ನಿಂತ ನನ್ನನ್ನು ನೋಡಿದಳು. ಊಟವಾಯಿತು, ಬೀಗರ ಬಸ್ಸು ಹೊರಟಿತು. ಮೊಬೈಲಿನವನು ಬರಲೇ ಇಲ್ಲ. ನನಗೆ ಅದರ ಸಮಾಧಾನವೂ ಆಗಲಿಲ್ಲ, ಆ ನೋಟ ನನ್ನ ಜೊತೆ ಮನೆಯವರೆಗೂ ಬಂತು.

ಮನೆಗೆ ಬಂದು ಅವಳು ಪಡಸಾಲೆಯಲ್ಲಿ ಕುಳಿತು ಬಳೆ ತೆಗೆಯುತ್ತಿದ್ದಳು.

"ಆಸಿಫ ಕೇಳಿದ್ದು ನೋಡಿದ್ರಿಲ್ಲ?"

"ನೋಡಿದೆ."

"ನನಗ ಅಪ್ಪಾ ಕೇಳ್ಲಿಲ್ಲ. ಅವ್ವ ಕೇಳ್ಲಿಲ್ಲ. ನಾ ಸಾಲಿಂದ ಬಂದು ಚೀಲಾ ಇಡೂದ್ರಾಗ ಸೀರಿ ತಂದಿಟ್ಟಿದ್ರು." ಬಳೆಗಳನ್ನು ಒಂದೊಂದಾಗಿ ನೆಲದ ಮೇಲಿಟ್ಟಳು. "ನೀವೂ ಕೇಳ್ಲಿಲ್ಲ."

"ಕೇಳೂ ಪದ್ಧತಿ ನಮ್ಮಲ್ಲಿ ಇರ್ಲಿಲ್ಲಲ್ಲ ಸುನಂದಾ."

"ಪದ್ಧತಿ ಇರ್ಲಿಲ್ಲ. ಬಾಯಿ ಇತ್ತಲ್ರಿ?"

ನಾನು ಅತ್ತರು ಹತ್ತಿದ ಕೈಯನ್ನು ಟವೆಲಿಗೆ ಒರೆಸಿಕೊಂಡೆ.

"ಈಗ ಕೇಳ್ರಿ" ಎಂದಳು.

ನಾನು ನಗಲು ನೋಡಿದೆ. ಅವಳು ನಗಲಿಲ್ಲ. ಐವತ್ತು ದಾಟಿದ ಗಂಡಸು ನಾನು, ಬೆಳೆದ ಮಗಳ ತಂದೆ, ಅವಳ ಎದುರಿಗೆ ನೆಲದ ಮೇಲೆ ಕುಳಿತೆ.

"ಸುನಂದಾ, ನಾ ನಿನಗ ಒಪ್ಪಿಗೀನ?"

ಅವಳು ನನ್ನನ್ನು ತುಂಬ ಹೊತ್ತು ನೋಡಿದಳು. ಸಿಟ್ಟಿನಿಂದಲ್ಲ. ಸಂತೆಯಲ್ಲಿ ಹೊಸ ಮುಖ ನೋಡುವಂತೆ ನೋಡಿದಳು.

"ವಿಚಾರ ಮಾಡಿ ಹೇಳ್ತೇನಿ" ಎಂದು ಬಳೆ ಎತ್ತಿಕೊಂಡು ಒಳಗೆ ಹೋದಳು.

ಅಡುಗೆ ಮಾಡುತ್ತಾಳೆ, ಬಡಿಸುತ್ತಾಳೆ, ಸಾಲೆಗೆ ಹೋಗಿ ಬರುತ್ತಾಳೆ, ಅಲ್ಮಾಸಳ ಫೋನ್ ಬಂದರೆ ಗಟ್ಟಿಯಾಗಿ ನಗುತ್ತಾಳೆ. ಆ ಮಾತನ್ನು ಇನ್ನೂ ಹೇಳಿಲ್ಲ. ಮೂರು ಸಲ ಕೇಳಬೇಕಂತೆ. ನಾನು ಕೇಳಿದ್ದು ಒಂದೇ ಸಲ, ಎರಡನೆಯ ಸಲ ಕೇಳಲು ಬಾಯಿ ಬರುತ್ತಿಲ್ಲ.